ಈ ಪತ್ತೇದಾರರಿಗೆ ನಿದ್ದೆ ಯಾಕೆ ಬರುವುದಿಲ್ಲ?

ಶಿವಮೊಗ್ಗದ ಓದುಗರೊಬ್ಬರ ಪತ್ರ ಹೀಗಿದೆ:

"ಸಂಪಾದಕರೇ, ನಾನು ಬ್ಯಾಂಕಿನಿಂದ ನಿವೃತ್ತನಾದವನು. ಮಗಳ ಬಾಣಂತನಕ್ಕೆಂದು ಗ್ಲಾಸ್ಗೋಗೆ ಹೋಗಿ ಐದು ತಿಂಗಳು ಇದ್ದೆವು. ಹೊರಗೆ ಸದಾ ಮಳೆ. ಹೊತ್ತು ಹೋಗಲೆಂದು ಚಾರಿಟಿ ಅಂಗಡಿಯಿಂದ ಮೂರು ಪತ್ತೇದಾರಿ ಕಾದಂಬರಿ ತಂದೆ. ಮೂರೂ ನಿಮ್ಮ ಪತ್ರಿಕೆ ಹೊಗಳಿದ ಲೇಖಕರವೇ. ಒಂದರಲ್ಲಿ ಕೊಲೆ ಮಾಡಿದವನು ಯಾರೆಂದು ಬೇಗನೆ ಗೊತ್ತಾಗಿಬಿಡುತ್ತದೆ. ಇನ್ನೊಂದರಲ್ಲಿ ಪತ್ತೇದಾರನಿಗೆ ಹೆಸರೇ ಇಲ್ಲ. ಮೂರನೆಯದರಲ್ಲಿ ಹಳೆಯ ಕೊಲೆಗಾರ ಕೊನೆಗೂ ಸಿಕ್ಕಿಬೀಳುವುದಿಲ್ಲ. ಮೂವರು ಪತ್ತೇದಾರರಿಗೂ ಹೆಂಡತಿ ಇಲ್ಲ, ನಿದ್ದೆ ಇಲ್ಲ, ಮೇಲಿನವರ ಹತ್ತಿರ ಮರ್ಯಾದೆ ಇಲ್ಲ. ಕುಡಿತ ಮಾತ್ರ ಇದೆ. ಷರ್ಲಾಕ್ ಹೋಮ್ಸ್ ಹುಟ್ಟಿದ ದೇಶಕ್ಕೆ ಏನಾಯಿತು? ನನ್ನ ಮೂರು ಪೌಂಡ್ ವಾಪಸ್ ಕೊಡಿಸುತ್ತೀರಾ? ಮತ್ತೆ, ನನ್ನ ಹೆಂಡತಿ ಕೇಳುತ್ತಿದ್ದಾಳೆ: ಈ ಪುಸ್ತಕಗಳಲ್ಲಿ ಹೆಂಗಸರಿಗೆ ಸಾಯುವುದು ಬಿಟ್ಟು ಬೇರೆ ಕೆಲಸ ಇಲ್ವಾ?"

ನಮಸ್ಕಾರ.

ದುಡ್ಡಿನ ವಿಷಯ ಮೊದಲು ಮುಗಿಸಿಬಿಡೋಣ. ಮೂರು ಪೌಂಡ್ ಸಿಗುವುದಿಲ್ಲ. ದಾನ ಅಂದುಕೊಳ್ಳಿ. ನಿಜ ಹೇಳಬೇಕೆಂದರೆ ನಿಮಗೆ ಸಿಕ್ಕ ಪುಸ್ತಕಗಳ ಹೆಸರು ನೋಡಿ ನನಗೆ ಹೊಟ್ಟೆಕಿಚ್ಚಾಯಿತು. ವಿಲಿಯಂ ಮೆಕ್‌ಇಲ್ವಾನಿಯವರ ‘ಲೇಡ್‌ಲಾ’, ಡೆರೆಕ್ ರೇಮಂಡ್ ಅವರ ‘ಹಿ ಡೈಡ್ ವಿತ್ ಹಿಸ್ ಐಸ್ ಓಪನ್’, ಇಯನ್ ರ‍್ಯಾಂಕಿನ್ ಅವರ ‘ಬ್ಲ್ಯಾಕ್ ಆ್ಯಂಡ್ ಬ್ಲೂ’. ಯಾರಾದರೂ ತಿಳಿದವರು ಕೂತು ಆರಿಸಿಕೊಟ್ಟಿದ್ದರೂ ಇದಕ್ಕಿಂತ ಒಳ್ಳೆಯ ಮೂರು ಸಿಗುತ್ತಿರಲಿಲ್ಲ.

ನಿಮ್ಮ ಸಿಟ್ಟು ನನಗೆ ಅರ್ಥವಾಗುತ್ತದೆ. ನಾನೂ ಸರ್ಕ್ಯುಲೇಟಿಂಗ್ ಲೈಬ್ರರಿಯಲ್ಲಿ ಬೆಳೆದವನು. ಎನ್. ನರಸಿಂಹಯ್ಯನವರ ಪತ್ತೇದಾರ ಪುರುಷೋತ್ತಮನಿಗಾಗಿ ಅಲ್ಲಿ ಪಾಳಿ ಹಚ್ಚಿ ಕಾಯುತ್ತಿದ್ದೆವು. ಒಂದು ಸಲ ಮನೆಗೆ ತಂದ ಕಾದಂಬರಿಯೊಂದರ ಮೊದಲ ಪುಟದಲ್ಲಿ ಯಾರೋ ಪುಣ್ಯಾತ್ಮ ಪೆನ್ಸಿಲ್‌ನಲ್ಲಿ ಬರೆದಿದ್ದ: "ಕೊಂದವನು ಮ್ಯಾನೇಜರ್." ಅಷ್ಟೇ. ಆ ಪುಸ್ತಕ ಅಲ್ಲಿಗೆ ಸತ್ತುಹೋಯಿತು. ಬಾಡಿಗೆಯ ದುಡ್ಡು ದಂಡ ಆಯಿತಲ್ಲ ಎಂದು ಎರಡು ದಿನ ಕೊರಗಿದ್ದೆ.

ಆಮೇಲೆ ಎಷ್ಟೋ ವರ್ಷಕ್ಕೆ ‘ಲೇಡ್‌ಲಾ’ ಓದಿದಾಗ ಆ ಪೆನ್ಸಿಲ್ ನೆನಪಾಯಿತು. ಇಲ್ಲಿ ಲೇಖಕರೇ ಆ ಕೆಲಸ ಮಾಡಿದ್ದಾರೆ! ಮೊದಲ ಅಧ್ಯಾಯದಲ್ಲಿ ಒಬ್ಬ ರಾತ್ರಿ ಬೀದಿಯಲ್ಲಿ ಓಡುತ್ತಿದ್ದಾನೆ. ಲೇಖಕರು ಅವನನ್ನು "ನೀನು" ಎನ್ನುತ್ತಾರೆ. ಪಾದ ನೆಲಕ್ಕೆ ಬಡಿಯುವ ಸದ್ದು ನಿನ್ನದು, ಏದುಸಿರು ನಿನ್ನದು. ಒಂದು ಪುಟ ದಾಟುವಷ್ಟರಲ್ಲಿ ಓದುವವನೇ ಕೊಲೆಗಾರನ ಕಾಲಿನಲ್ಲಿ ಓಡುತ್ತಿರುತ್ತಾನೆ. ಅವನು ಯಾರು ಎನ್ನುವುದೂ ತುಂಬಾ ಹೊತ್ತು ಗುಟ್ಟಾಗಿ ಉಳಿಯುವುದಿಲ್ಲ. ಆದರೂ ನಾನು ಪುಸ್ತಕ ಕೆಳಗಿಡಲಿಲ್ಲ. ಯಾಕೆ ಅಂತ ಆಗ ನನಗೂ ಹೊಳೆದಿರಲಿಲ್ಲ.

ಕಥೆ ನಿಮಗೆ ಗೊತ್ತು, ಬೇರೆ ಓದುಗರಿಗಾಗಿ ಎರಡು ಮಾತು. ಗ್ಲಾಸ್ಗೋದ ಠಾಣೆಗೆ ಒಬ್ಬ ತಂದೆ ಬರುತ್ತಾನೆ. ಡಿಸ್ಕೋಗೆ ಹೋದ ಮಗಳು ರಾತ್ರಿ ಮನೆಗೆ ಬಂದಿಲ್ಲ. ಅವಳ ಹೆಣ ಕೆಲ್ವಿನ್‌ಗ್ರೋವ್ ಪಾರ್ಕಿನಲ್ಲಿ ಸಿಗುತ್ತದೆ. ನೀವು ಮೊಮ್ಮಗುವನ್ನು ತಳ್ಳುಗಾಡಿಯಲ್ಲಿ ಕೂರಿಸಿಕೊಂಡು ಓಡಾಡಿರಬಹುದಾದ ಜಾಗ ಅದು. ಈಗ ಕೊಲೆಗಾರನ ಹಿಂದೆ ಮೂರು ಕಡೆಯವರು ಬಿದ್ದಿದ್ದಾರೆ. ತಂದೆಗೆ ಅವನ ಜೀವ ಬೇಕು. ಊರಿನ ಒಬ್ಬ ರೌಡಿ ದೊರೆಗೆ ತನ್ನ ಕಾರಣಕ್ಕೆ ಅವನು ಸಾಯಬೇಕು. ಪೊಲೀಸರಿಗೂ ಅವನು ಬೇಕು. ಇನ್‌ಸ್ಪೆಕ್ಟರ್ ಜ್ಯಾಕ್ ಲೇಡ್‌ಲಾ ಓಡುತ್ತಿರುವುದು ಉಳಿದವರಿಗಿಂತ ಮೊದಲು ಅವನನ್ನು ಮುಟ್ಟಲು. ಶಿಕ್ಷೆ ಕೊಡಿಸುವುದಕ್ಕಷ್ಟೇ ಅಲ್ಲ, ಅವನು ಜೀವಂತ ಉಳಿಯಲಿ ಅಂತ. ರಾಕ್ಷಸರು ಅಂತ ಯಾರೂ ಇಲ್ಲ, ಇರುವುದು ಜನ ಅಷ್ಟೇ ಅನ್ನುವುದು ಅವನ ವಾದ. ಅದೇ ಠಾಣೆಯಲ್ಲಿ ಮಿಲ್ಲಿಗನ್ ಅಂತ ಇನ್ನೊಬ್ಬ ಅಧಿಕಾರಿ ಇದ್ದಾನಲ್ಲ, ಅವನಿಗೆ ಈ ತಲೆನೋವೇ ಇಲ್ಲ. ಅವನ ಲೆಕ್ಕದಲ್ಲಿ ಇರುವುದು ಎರಡೇ ಜಾತಿ: ನಾವು, ಅವರು.

ತಲೆನೋವು ಅಂದೆ. ಲೇಡ್‌ಲಾಗೆ ನಿಜವಾಗಿಯೂ ಮೈಗ್ರೇನ್ ಇದೆ. ಅವನ ಮೇಜಿನ ಖಾನೆಯೊಂದಕ್ಕೆ ಬೀಗ. ಬೇರೆ ಕಾದಂಬರಿಯಲ್ಲಾದರೆ ಅಲ್ಲಿ ವಿಸ್ಕಿ ಬಾಟಲಿ ಇರುತ್ತಿತ್ತು. ಇವನು ಬಚ್ಚಿಟ್ಟಿರುವುದು ಕಿರ್ಕೆಗಾರ್ಡ್, ಕಮೂ, ಉನಾಮುನೋ. ಠಾಣೆಯಲ್ಲಿ ತತ್ವಶಾಸ್ತ್ರ ಓದುವುದು ಕುಡಿಯುವುದಕ್ಕಿಂತ ನಾಚಿಕೆಯ ವಿಷಯ! ದೊಡ್ಡ ಕೇಸು ಬಂದರೆ ಮನೆ ಬಿಟ್ಟು ಊರೊಳಗಿನ ಹೋಟೆಲಿನಲ್ಲಿ ಉಳಿಯುತ್ತಾನೆ, ಬಸ್ಸಿನಲ್ಲಿ ಓಡಾಡುತ್ತಾನೆ. ಅಂದಹಾಗೆ, ಅವನಿಗೆ ಹೆಂಡತಿ ಇದ್ದಾಳೆ, ಮಕ್ಕಳೂ ಇದ್ದಾರೆ. ಸಂಸಾರ ಚೆನ್ನಾಗಿಲ್ಲ, ಅಷ್ಟೆ. ನೀವು ಸ್ವಲ್ಪ ಅವಸರದಲ್ಲಿ ಓದಿದ್ದೀರಿ ಸಾರ್.

ಈಗ ನಿಮ್ಮ ಹೋಮ್ಸ್‌ಗೆ ಬರೋಣ. ಅವನೇನು ಸಂಭಾವಿತನಾ? 1890ರ ‘ದ ಸೈನ್ ಆಫ್ ಫೋರ್’ ಶುರುವಾಗುವುದೇ ಅವನು ಶೇಕಡಾ 7ರ ಕೊಕೇನ್ ದ್ರಾವಣವನ್ನು ತೋಳಿಗೆ ಚುಚ್ಚಿಕೊಳ್ಳುವುದರಿಂದ. ಹೆಂಡತಿ ಇಲ್ಲ, ಸರಿಯಾದ ನಿದ್ದೆ ಇಲ್ಲ, ಗೋಡೆಗೆ ಪಿಸ್ತೂಲು ಹಾರಿಸುತ್ತಾನೆ. ಅಡ್ಡದಾರಿಯ ಪತ್ತೇದಾರ ಬ್ರಿಟನ್ನಿಗೆ ಹೊಸಬನಲ್ಲ. ವ್ಯತ್ಯಾಸ ಇರುವುದು ಬೇರೆ ಕಡೆ. ಹೋಮ್ಸ್ ಕೊಕೇನ್ ಹುಡುಕುವುದು ಕೇಸು ಇಲ್ಲದಾಗ, ಬೇಜಾರಿಗೆ. ಕೇಸು ಬಂದರೆ ಅವನಿಗೆ ಹಬ್ಬ. ಈ ಹೊಸಬರು ಕುಡಿಯುವುದು ಕೇಸು ಬಂದಾಗ. ಸತ್ತವರು ಮನೆಯವರೆಗೂ ಹಿಂದೆ ಬರುತ್ತಾರೆ.

ನೀವು ಬ್ಯಾಂಕಿನವರು, ನಿಮ್ಮ ಭಾಷೆಯಲ್ಲೇ ಹೇಳುತ್ತೇನೆ. ಹಳೆಯ ಪತ್ತೇದಾರಿಯಲ್ಲಿ ಕೊನೆಯ ಪುಟಕ್ಕೆ ಕ್ಯಾಷ್ ಟ್ಯಾಲಿ ಆಗುತ್ತಿತ್ತು. ಕೊಂದವನು ಸಿಕ್ಕ, ಬೀಗ ಹಾಕಿ ಮನೆಗೆ ಹೋದೆವು. ಸತ್ತವನು ಯಾರಾಗಿದ್ದ ಎಂದು ಯಾರೂ ಕೇಳುತ್ತಿರಲಿಲ್ಲ. ಅಗಾಥಾ ಕ್ರಿಸ್ಟಿಯವರ ಎಷ್ಟೋ ಕಥೆಗಳಲ್ಲಿ ಹೆಣ ಅನ್ನುವುದು ಲೆಕ್ಕದ ಮೊದಲ ಸಾಲು, ಅಷ್ಟೆ. (ನನಗೆ ಅವರ ಪುಸ್ತಕಗಳೆಂದರೆ ಈಗಲೂ ಪ್ರಾಣ. ಆ ಜಗಳಕ್ಕೆ ಬರಬೇಡಿ.) ನಿಮ್ಮ ಮೂರು ಪುಸ್ತಕಗಳಲ್ಲಿ ಹಾಗಲ್ಲ. ಕೊಂದವನು ಸಿಕ್ಕರೂ ಟ್ಯಾಲಿ ಆಗುವುದಿಲ್ಲ. ಸತ್ತವರ ಹೆಸರಿನ ಎಂಟ್ರಿ ಹಾಗೇ ಉಳಿಯುತ್ತದೆ. ಹೊಂದಾಣಿಕೆ ಆಗದ ಎಂಟ್ರಿಗಳನ್ನು ನೀವು ಎಲ್ಲಿಗೆ ಹಾಕುತ್ತಿದ್ದಿರಿ? ಸಸ್ಪೆನ್ಸ್ ಅಕೌಂಟಿಗೆ ತಾನೇ?

ಡೆರೆಕ್ ರೇಮಂಡ್ ಅವರ ಹೆಸರಿಲ್ಲದ ಸಾರ್ಜೆಂಟ್ ಕೆಲಸ ಮಾಡುವುದು ಅಂಥದ್ದೇ ಒಂದು ಖಾತೆಯಲ್ಲಿ. ಲಂಡನ್ನಿನ ಸೋಹೋ ಪ್ರದೇಶದ ಪೋಲಂಡ್ ಸ್ಟ್ರೀಟ್‌ನಲ್ಲಿ ಒಂದು ಠಾಣೆ. ಎಲ್ಲರೂ ಅದನ್ನು ‘ಫ್ಯಾಕ್ಟರಿ’ ಅನ್ನುತ್ತಾರೆ. ಅಲ್ಲಿ ಎ14 ಅಂತ ಒಂದು ವಿಭಾಗ, ಕಾರಣ ಗೊತ್ತಾಗದ ಸಾವುಗಳಿಗೆ. ಪೇಪರಿನಲ್ಲಿ ಬರುವ ಕೊಲೆಗಳು ಬೇರೆ ವಿಭಾಗಕ್ಕೆ ಹೋಗುತ್ತವೆ. ಆ ವಿಭಾಗದ ಅಧಿಕಾರಿ ಬೋಮನ್ ಆಗಾಗ ಬಂದು ಇವನನ್ನು ಚುಚ್ಚಿ ಹೋಗುತ್ತಾನೆ. ಎ14ಕ್ಕೆ ಬರುವುದು ಯಾರಿಗೂ ಬೇಡದವರು. ಪ್ರಮೋಷನ್ ತೆಗೆದುಕೊಂಡರೆ ಇವರನ್ನು ಬಿಟ್ಟು ಹೋಗಬೇಕಲ್ಲ, ಅದಕ್ಕೇ ಸಾರ್ಜೆಂಟ್ ಆಗಿಯೇ ಉಳಿದಿದ್ದಾನೆ. ಪ್ರಮೋಷನ್ ಬೇಡ ಅಂದವರು ನಿಮ್ಮ ಬ್ಯಾಂಕಿನಲ್ಲೂ ಒಬ್ಬರಾದರೂ ಇದ್ದಿರಬೇಕು. ಅವರನ್ನು ನೆನಪಿಸಿಕೊಂಡು ಇನ್ನೊಮ್ಮೆ ಓದಿ.

1984ರಲ್ಲಿ ಬಂದ, ಈ ಸಾರ್ಜೆಂಟನ ಮೊದಲ ಪುಸ್ತಕದಲ್ಲಿ ಸತ್ತಿರುವವನು ಚಾರ್ಲ್ಸ್ ಸ್ಟ್ಯಾನಿಲ್ಯಾಂಡ್. ಐವತ್ತು ದಾಟಿದ ಕುಡುಕ. ಕೆಲಸ ಹೋಗಿದೆ, ಸಂಸಾರ ಹೋಗಿದೆ. ಯಾರೋ ಹೊಡೆದು ಕೊಂದು ಬಿಸಾಕಿದ್ದಾರೆ. ಅವನ ಕೋಣೆಯಲ್ಲಿ ಒಂದಷ್ಟು ಕ್ಯಾಸೆಟ್ಟುಗಳು ಸಿಗುತ್ತವೆ, ತನ್ನ ಬದುಕನ್ನು ತಾನೇ ಮಾತಾಡಿ ತುಂಬಿಸಿಟ್ಟದ್ದು. ಸಾರ್ಜೆಂಟ್ ಅವನ್ನು ಕೇಳುತ್ತಾನೆ. ಮತ್ತೆ ಮತ್ತೆ ಕೇಳುತ್ತಾನೆ. ನಿಲ್ಲಿಸಿ, ಹಿಂದೆ ತಿರುಗಿಸಿ, ಮತ್ತೆ. ಬದುಕಿದ್ದಾಗ ಯಾರೂ ಕಿವಿಗೊಡದವನ ಮಾತನ್ನು ಸತ್ತ ಮೇಲೆ ಒಬ್ಬ ಅಪರಿಚಿತ ಕೂತು ಕೇಳುತ್ತಿದ್ದಾನೆ. ಇಡೀ ಪುಸ್ತಕ ಇಷ್ಟೇ ಅಂದರೂ ನಡೆಯುತ್ತದೆ. ಕೊಂದವರ ಸುಳಿವು ಆ ಮಾತಿನೊಳಗೇ ಇದೆ, ಆದರೆ ಸುಳಿವು ಸಿಕ್ಕ ಮೇಲೂ ಅವನು ಕೇಳುವುದನ್ನು ಬಿಡುವುದಿಲ್ಲ. ಅವನಿಗೆ ಹೆಸರು ಯಾಕಿಲ್ಲ ಅಂತ ಕೇಳಿದ್ದೀರಿ. ಲೇಖಕರು ಕಾರಣ ಕೊಟ್ಟಿಲ್ಲ. ನನಗೆ ಅನಿಸುವುದು ಇದು: ಆ ಪುಸ್ತಕದಲ್ಲಿ ನೆನಪಿಡಬೇಕಾದ ಹೆಸರು ಒಂದೇ, ಅದು ಸತ್ತವನದು.

ಈ ರೇಮಂಡ್ ಅವರದ್ದೂ ಒಂದು ಕಥೆ. ನಿಜವಾದ ಹೆಸರು ರಾಬಿನ್ ಕುಕ್. ದೊಡ್ಡ ಮನೆತನ, ಈಟನ್ ಶಾಲೆ. ಅದನ್ನು ನಡುವೆಯೇ ಬಿಟ್ಟರು. ಲಂಡನ್ನಿನ ಕಳ್ಳಕೂಟಗಳ ಜೊತೆ ಓಡಾಡಿದರು, ಫ್ರಾನ್ಸಿನ ದ್ರಾಕ್ಷಿ ತೋಟಗಳಲ್ಲಿ ಕೂಲಿ ಮಾಡಿದರು. ಅಷ್ಟರಲ್ಲಿ ಅದೇ ಹೆಸರಿನ ಅಮೆರಿಕನ್ ಲೇಖಕರೊಬ್ಬರು ಆಸ್ಪತ್ರೆ ಥ್ರಿಲ್ಲರ್‌ಗಳಿಂದ ಹೆಸರಾಗಿದ್ದರು. ಹಾಗಾಗಿ ಇವರು ಹೆಸರು ಬದಲಿಸಬೇಕಾಯಿತು. 1994ರಲ್ಲಿ ತೀರಿಕೊಂಡರು. ಈ ಸರಣಿಯಲ್ಲಿ ಐದು ಪುಸ್ತಕ ಇವೆ. 1990ರಲ್ಲಿ ಬಂದ ನಾಲ್ಕನೆಯದು ‘ಐ ವಾಸ್ ಡೋರಾ ಸ್ವಾರೆಜ್’. ಅದನ್ನು ಮಾತ್ರ ಊಟಕ್ಕೆ ಮುಂಚೆ ಓದಬೇಡಿ, ಊಟದ ಮೇಲೂ ಬೇಡ. ನನಗೇ ಎರಡು ಸಲ ಮುಚ್ಚಿಡಬೇಕಾಯಿತು.

"ದೇಶಕ್ಕೆ ಏನಾಯಿತು" ಎಂಬ ಪ್ರಶ್ನೆಗೆ ಸುಮ್ನೆ ಸಾಹಿತ್ಯದ ಉತ್ತರ ಕೊಟ್ಟರೆ ಸಾಲದು. ದೇಶಕ್ಕೂ ಏನೋ ಆಗಿತ್ತು. ‘ಲೇಡ್‌ಲಾ’ ಬಂದದ್ದು 1977ರಲ್ಲಿ. ಅದೇ ವರ್ಷ ಲಂಡನ್ ಪೊಲೀಸಿನ ಹೆಮ್ಮೆಯಾಗಿದ್ದ ಫ್ಲೈಯಿಂಗ್ ಸ್ಕ್ವಾಡ್‌ನ ಮುಖ್ಯಸ್ಥನಾಗಿದ್ದವನೇ ಲಂಚದ ಕೇಸಿನಲ್ಲಿ ಜೈಲಿಗೆ ಹೋದ. ಲಂಚ ಕೊಟ್ಟವರು ಸೋಹೋದ ಅಶ್ಲೀಲ ಪುಸ್ತಕದ ವ್ಯಾಪಾರಿಗಳು. ರೇಮಂಡ್ ತಮ್ಮ ‘ಫ್ಯಾಕ್ಟರಿ’ಯನ್ನು ಅದೇ ಸೋಹೋದಲ್ಲಿ ಕಟ್ಟಿದರು. ಬರ್ಮಿಂಗ್‌ಹ್ಯಾಮ್‌ನ ಬಾಂಬ್ ಕೇಸಿನಲ್ಲಿ 1975ರಲ್ಲಿ ಜೀವಾವಧಿ ಶಿಕ್ಷೆಯಾದ ಆರು ಜನ 16 ವರ್ಷ ಜೈಲಿನಲ್ಲಿದ್ದು, 1991ರಲ್ಲಿ ಶಿಕ್ಷೆ ಕೊಟ್ಟದ್ದೇ ತಪ್ಪೆಂದು ರದ್ದಾಗಿ ಹೊರಗೆ ಬಂದರು. ಇಷ್ಟೆಲ್ಲ ಪೇಪರಿನಲ್ಲಿ ಓದಿದ ಜನರಿಗೆ, ಇಸ್ತ್ರಿ ಮಾಡಿದ ಕೋಟು ಹಾಕಿಕೊಂಡ ಇನ್‌ಸ್ಪೆಕ್ಟರ್ ಬಂದು ನ್ಯಾಯ ಕೊಡಿಸಿದ ಅಂದರೆ ನಂಬುತ್ತಾರಾ?

ಎಲ್ಲಕ್ಕಿಂತ ಜಾಸ್ತಿ ಬಡಿದದ್ದು ಉತ್ತರ ಇಂಗ್ಲೆಂಡಿನ ಯಾರ್ಕ್‌ಷೈರ್ ಕೇಸು. 1975ರಿಂದ 1980ರವರೆಗೆ ಪೀಟರ್ ಸಟ್‌ಕ್ಲಿಫ್ ಎಂಬ ಲಾರಿ ಡ್ರೈವರ್ 13 ಹೆಂಗಸರನ್ನು ಕೊಂದ. ಪೊಲೀಸರು ಅವನನ್ನು ಒಂಬತ್ತು ಸಲ ವಿಚಾರಿಸಿ ಒಂಬತ್ತು ಸಲವೂ ಬಿಟ್ಟಿದ್ದರು. ಎಲ್ಲ ಮಾಹಿತಿ ಕಾರ್ಡುಗಳಲ್ಲಿತ್ತು. ಲೀಡ್ಸ್ ಊರಿನಲ್ಲಿ ಅವನ್ನು ಇಟ್ಟಿದ್ದ ಕೋಣೆಯ ನೆಲಕ್ಕೆ ಕಾಗದದ ಭಾರ ತಡೆಯಲು ಆಸರೆ ಕೊಡಬೇಕಾಯಿತು. ಅಷ್ಟು ಕಾರ್ಡುಗಳಲ್ಲಿ ಅವನ ಹೆಸರು ಎಷ್ಟೋ ಕಡೆ ಇತ್ತು, ಆದರೆ ಒಂದು ಕಾರ್ಡು ಇನ್ನೊಂದರ ಜೊತೆ ಮಾತಾಡಲಿಲ್ಲ. ನಡುವೆ 1979ರಲ್ಲಿ ಕಿಡಿಗೇಡಿಯೊಬ್ಬ ತಾನೇ ಕೊಲೆಗಾರ ಎಂದು ಕ್ಯಾಸೆಟ್ ಕಳಿಸಿದ. ಪೊಲೀಸರು ಅವನ ಉಚ್ಚಾರಣೆಯ ಬೆನ್ನು ಹತ್ತಿ ಬೇರೆ ಊರಿಗೆ ಹೋದರು. ಆ ಎಡವಟ್ಟಿನಿಂದ ಪಾಠ ಕಲಿತು ಕೊಲೆ ಕೇಸುಗಳಿಗೆ ಕಂಪ್ಯೂಟರ್ ವ್ಯವಸ್ಥೆ ಮಾಡಿದರು. ಅದಕ್ಕೆ ಇಟ್ಟ ಹೆಸರು ಏನು ಗೊತ್ತಾ? ಹೋಮ್ಸ್! ನಿಮ್ಮ ಷರ್ಲಾಕ್ ಎಲ್ಲೂ ಹೋಗಿಲ್ಲ, ಸರ್ಕಾರಿ ಸಾಫ್ಟ್‌ವೇರ್ ಆಗಿದ್ದಾನೆ.

ನಗು ಬರುವ ಭಾಗ ಅಲ್ಲಿಗೆ ಮುಗಿಯಿತು. ಸತ್ತವರಲ್ಲಿ ಕೆಲವರು ಮೈ ಮಾರಿ ಬದುಕುತ್ತಿದ್ದವರು. ಉಳಿದವರನ್ನು ಆಗಿನ ಪೊಲೀಸರೂ ಪತ್ರಿಕೆಗಳೂ "ನಿರಪರಾಧಿ" ಹೆಂಗಸರು ಎಂದು ಬೇರೆ ಮಾಡಿ ಕರೆದವು. ಹಾಗಾದರೆ ಮೊದಲಿನವರು ಏನು ಅಪರಾಧ ಮಾಡಿದ್ದರು? ಆ ಭಾಷೆಗಾಗಿ ವೆಸ್ಟ್ ಯಾರ್ಕ್‌ಷೈರ್ ಪೊಲೀಸರು ಕ್ಷಮೆ ಕೇಳಿದ್ದು 2020ರಲ್ಲಿ. ಆ ಹೆಂಗಸರ ಮಕ್ಕಳಿಗೆ ಅಷ್ಟರಲ್ಲಿ ಮಧ್ಯವಯಸ್ಸು. ಅದೇ ಸೀಮೆಯಲ್ಲಿ ಬೆಳೆದ ಡೇವಿಡ್ ಪೀಸ್ ಈ ವರ್ಷಗಳ ಮೇಲೆ ನಾಲ್ಕು ಕಾದಂಬರಿ ಬರೆದರು, ಅದೂ ಟೋಕಿಯೋದಲ್ಲಿ ಕೂತು. ಮಂತ್ರ ಪಠಿಸಿದಂತೆ ಒಂದೇ ಸಾಲು ಮತ್ತೆ ಮತ್ತೆ ಬರುತ್ತದೆ. ಕೆಲವರಿಗೆ ಅದು ಮೈ ಜುಂ ಅನಿಸುತ್ತದೆ. ನನಗೆ ಎರಡನೆಯ ಪುಸ್ತಕದ ಹೊತ್ತಿಗೆ ಸಾಕಾಯಿತು.

ಇಲ್ಲಿ ನಿಮ್ಮ ಮನೆಯವರ ಪ್ರಶ್ನೆಗೆ ಬಂದೆ. ಅವರು ಕೇಳಿದ್ದು ನಿಮ್ಮ ಎಲ್ಲ ಪ್ರಶ್ನೆಗಳಿಗಿಂತ ಗಟ್ಟಿಯಾದದ್ದು, ಬೇಜಾರು ಮಾಡಿಕೊಳ್ಳಬೇಡಿ. ಹೌದು ಅಮ್ಮ, ಈ ಪುಸ್ತಕಗಳಲ್ಲಿ ಹೆಣ್ಣಿನ ಹೆಣದ ಮುಂದೆ ಗಂಡಸು ನಿಂತು ದುಃಖಪಡುವುದು ಜಾಸ್ತಿ. ರೇಮಂಡ್ ಅವರ ಡೋರಾ ಪುಸ್ತಕದ ಮೇಲೂ ನನಗೆ ಅದೇ ತಕರಾರು. ದುಃಖ ನಿಜವೇ ಇರಬಹುದು, ಆದರೆ ಗಾಯದ ವರ್ಣನೆ ಅಷ್ಟು ಉದ್ದ ಯಾಕೆ?

ಅವರಿಗೆ ಡೆನಿಸ್ ಮೀನಾ ಅವರ ‘ಗಾರ್ನೆಟ್‌ಹಿಲ್’ ಕೊಡಿ. 1998ರದ್ದು, ಗ್ಲಾಸ್ಗೋದ್ದೇ. ಮೋರೀನ್ ಎಂಬ ಹುಡುಗಿ ಹಿಂದಿನ ರಾತ್ರಿ ಕುಡಿದ ಅಮಲು ಇನ್ನೂ ಇಳಿಯದೆ ಬೆಳಗ್ಗೆ ಏಳುತ್ತಾಳೆ. ನಡುಮನೆಯಲ್ಲಿ ಅವಳ ಪ್ರಿಯಕರನನ್ನು ಕುರ್ಚಿಗೆ ಕಟ್ಟಿ ಕತ್ತು ಕೊಯ್ದಿದ್ದಾರೆ. ಅವನು ಮನಸ್ಸಿನ ಕಾಯಿಲೆಗೆ ಚಿಕಿತ್ಸೆ ಕೊಡುತ್ತಿದ್ದವನು. ಅವಳು ಹಿಂದೆ ಮಾನಸಿಕ ಆಸ್ಪತ್ರೆಯಲ್ಲಿದ್ದು ಬಂದವಳು, ಮಗುವಾಗಿದ್ದಾಗ ಮನೆಯೊಳಗೇ ದೌರ್ಜನ್ಯ ಅನುಭವಿಸಿದವಳು. ಹುಚ್ಚಿ ಎನ್ನಿಸಿಕೊಂಡವಳ ಮಾತನ್ನು ಪೊಲೀಸರು ನಂಬುವುದಿಲ್ಲ, ಅಮ್ಮನೂ ನಂಬುವುದಿಲ್ಲ. ಹಾಗಾಗಿ ತಾನೇ ಪತ್ತೇದಾರಳಾಗುತ್ತಾಳೆ. ಲೈಸೆನ್ಸ್ ಇಲ್ಲ, ಬ್ಯಾಡ್ಜ್ ಇಲ್ಲ, ತನ್ನ ನೆನಪಿನ ಮೇಲೇ ಪೂರ್ತಿ ಭರವಸೆ ಇಲ್ಲ. ಲೇಡ್‌ಲಾನ ಕಥೆಯಲ್ಲಾಗಿದ್ದರೆ ಇವಳು ಠಾಣೆಯ ಬೆಂಚಿನ ಮೇಲೆ ಕೂತ ಸಾಕ್ಷಿ ಅಷ್ಟೇ ಆಗಿರುತ್ತಿದ್ದಳು. ಮೀನಾ ಇದನ್ನು ಬರೆದದ್ದು ಪಿಎಚ್‌ಡಿ ಮಾಡುತ್ತಿದ್ದಾಗ. ವಿಷಯ, ಅಪರಾಧ ಮಾಡಿದ ಹೆಂಗಸರಿಗೆ ಮನೋರೋಗದ ಹಣೆಪಟ್ಟಿ ಹಚ್ಚುವುದು. ಥೀಸಿಸ್ ಪಕ್ಕಕ್ಕಿಟ್ಟು ಕಾದಂಬರಿ ಬರೆದರು. ಒಳ್ಳೆಯದೇ ಆಯಿತು.

ಟಿವಿಯಲ್ಲಾದರೆ ಲಿಂಡಾ ಲಾ ಪ್ಲಾಂಟ್ ಅವರ ‘ಪ್ರೈಮ್ ಸಸ್ಪೆಕ್ಟ್’, 1991. ಅದರ ಪೊಲೀಸ್ ಅಧಿಕಾರಿ ಜೇನ್ ಟೆನಿಸನ್ ಎದುರಿಸುವುದು ಕೊಲೆಗಾರನನ್ನು ಮಾತ್ರ ಅಲ್ಲ, ಅವಳನ್ನು ಸಾಹೇಬರಾಗಿ ಒಪ್ಪಿಕೊಳ್ಳದ ಇಡೀ ಠಾಣೆಯನ್ನು. ಆಗ ಲಂಡನ್ ಪೊಲೀಸಿನಲ್ಲಿ ಆ ದರ್ಜೆಯ ಹೆಂಗಸರು ಬೆರಳೆಣಿಕೆಯಷ್ಟೇ ಇದ್ದರು. ಲಾ ಪ್ಲಾಂಟ್ ಅವರಲ್ಲಿ ಒಬ್ಬರನ್ನು ಹುಡುಕಿ ಮಾತಾಡಿಸಿ ಬರೆದರು.

ಉಳಿದದ್ದು ರ‍್ಯಾಂಕಿನ್ ಅವರ ಪತ್ತೇದಾರ ರೀಬಸ್. ನಿಮ್ಮ ಮೂರನೆಯ ಪುಸ್ತಕದಲ್ಲಿ ಬೈಬಲ್ ಜಾನ್ ಸಿಕ್ಕಿಬೀಳುವುದಿಲ್ಲ ಅಂತ ಬೈದಿದ್ದೀರಿ. ಬೈಬಲ್ ಜಾನ್ ಕಟ್ಟುಕಥೆ ಅಲ್ಲ ಸಾರ್. 1968–69ರಲ್ಲಿ ಗ್ಲಾಸ್ಗೋದ ಬ್ಯಾರೋಲ್ಯಾಂಡ್ ನೃತ್ಯಶಾಲೆಗೆ ಹೋಗಿದ್ದ ಮೂವರು ಹೆಂಗಸರು ಕೊಲೆಯಾದರು. ಕೊಂದವನು ಇವತ್ತಿಗೂ ಸಿಕ್ಕಿಲ್ಲ. ಊರಿಗೆ ಊರೇ ಅವನ ಚಿತ್ರ ನೋಡಿಕೊಂಡು ಬೆಳೆದಿದೆ. 1997ರಲ್ಲಿ ರ‍್ಯಾಂಕಿನ್ ತಮ್ಮ ರೀಬಸ್ ಕೈಯಲ್ಲಿ ಅವನಿಗೆ ಕೋಳ ತೊಡಿಸಿದ್ದರೆ, ಆ ಮೂವರ ಮನೆಯವರ ಮುಂದೆ ಅದು ಎಂಥ ಸುಳ್ಳಾಗುತ್ತಿತ್ತು ಯೋಚಿಸಿ.

ರೀಬಸ್ ನಿಮಗೆ ಹಿಡಿಸಬೇಕಿತ್ತು, ಯಾಕೆಂದರೆ ಅವನೂ ನಿಮ್ಮಂತೆ ರಿಟೈರ್ ಆಗುತ್ತಾನೆ. ಕ್ರಿಸ್ಟಿಯವರ ಪತ್ತೇದಾರ ಹರ್ಕ್ಯುಲ್ ಪೊಯ್ರೋಗೆ ದಶಕಗಟ್ಟಲೆ ವಯಸ್ಸೇ ಆಗಲಿಲ್ಲ. ರೀಬಸ್‌ಗೆ ಪುಸ್ತಕದಿಂದ ಪುಸ್ತಕಕ್ಕೆ ವಯಸ್ಸಾಗುತ್ತದೆ. 1987ರಲ್ಲಿ ಶುರುವಾದವನು 2007ರಲ್ಲಿ ಬಂದ ಪುಸ್ತಕದಲ್ಲಿ ಅರವತ್ತಕ್ಕೆ ಕೆಲಸ ಬಿಡುತ್ತಾನೆ. ಬಿಟ್ಟ ಮೇಲೆ ಮನೆಯಲ್ಲಿ ಕೂರಲಾಗದೆ 2012ರಲ್ಲಿ ಹಳೆಯ ಕೇಸುಗಳ ವಿಭಾಗಕ್ಕೆ ವಾಪಸ್ ಬರುತ್ತಾನೆ. ನಿಮ್ಮ ಮನೆಯವರನ್ನು ಕೇಳಿ, ಇದು ಎಷ್ಟು ನಿಜ ಅಂತ.

ಒಂದು ವಿಷಯದಲ್ಲಿ ನಿಮ್ಮ ಮಾತು ಪೂರ್ತಿ ಒಪ್ಪುತ್ತೇನೆ. ರೀಬಸ್ ಗೆದ್ದ ಮೇಲೆ ಎಲ್ಲರೂ ಅದೇ ಅಚ್ಚು ಹಿಡಿದರು. ಬಾಟಲಿ, ಡೈವೋರ್ಸ್, ಮಾತಾಡದ ಮಗಳು, ಹಳೆಯ ಹಾಡಿನ ರೆಕಾರ್ಡುಗಳು, ಬೈಯುವ ಮೇಲಧಿಕಾರಿ. ಇಷ್ಟನ್ನು ಕಲಸಿದರೆ ಪತ್ತೇದಾರ ರೆಡಿ. ನನ್ನ ಕಪಾಟಿನಲ್ಲಿದ್ದ ಅಂಥವನ್ನೆಲ್ಲ ಹೋದ ವರ್ಷ ರದ್ದಿಗೆ ಹಾಕಿದೆ. ಅಬೀರ್ ಮುಖರ್ಜಿಯವರ ಪುಸ್ತಕ ಮಾತ್ರ ಉಳಿಸಿಕೊಂಡೆ. ಸ್ಕಾಟ್ಲೆಂಡಿನಲ್ಲಿ ಬೆಳೆದ ಬಂಗಾಳಿ ಅವರು. ಅವರ ಸ್ಯಾಮ್ ವಿಂಡಮ್ 1919ರ ಕಲ್ಕತ್ತಾಕ್ಕೆ ಬರುವ ಬ್ರಿಟಿಷ್ ಪೊಲೀಸ್. ಅವನಿಗೂ ಅಫೀಮಿನ ಚಟ ಇದೆ, ಹೌದು. ಆದರೆ ಪಕ್ಕದಲ್ಲಿ ಸುರೇಂದ್ರನಾಥ ಬ್ಯಾನರ್ಜಿ ಇದ್ದಾನೆ. ಆ ಹೆಸರು ನಾಲಿಗೆಗೆ ಹೊರಳದ ಬಿಳಿಯರು ಅವನನ್ನು "ಸರೆಂಡರ್-ನಾಟ್" ಎನ್ನುತ್ತಾರೆ. ಆ ಹೆಸರಿನಲ್ಲೇ ಅರ್ಧ ಕಾದಂಬರಿ ಇದೆ.

ಇನ್ನೊಂದು ಕಥೆ ಹೇಳಿ ನಿಲ್ಲಿಸುತ್ತೇನೆ. 1985ರಲ್ಲಿ ಎಡಿನ್‌ಬರೋದ ಪುಸ್ತಕ ಹಬ್ಬದಲ್ಲಿ ಒಬ್ಬ ಹುಡುಗ ಮೆಕ್‌ಇಲ್ವಾನಿಯವರ ಮುಂದೆ ಸಹಿಗೆ ಪುಸ್ತಕ ಹಿಡಿದು ನಿಂತ. ನಾನೂ ಒಂದು ಬರೆಯುತ್ತಿದ್ದೇನೆ, ಲೇಡ್‌ಲಾ ಥರವೇ, ಆದರೆ ಎಡಿನ್‌ಬರೋದಲ್ಲಿ ನಡೆಯುವುದು ಅಂದ. ಅವರು ಸಹಿಯ ಜೊತೆ "ಎಡಿನ್‌ಬರೋದ ಲೇಡ್‌ಲಾಗೆ ಶುಭವಾಗಲಿ" ಎಂದು ಬರೆದುಕೊಟ್ಟರು. ಹುಡುಗ ಇಯನ್ ರ‍್ಯಾಂಕಿನ್. ಮೆಕ್‌ಇಲ್ವಾನಿ ಗಣಿ ಕಾರ್ಮಿಕನ ಮಗ, ಮೇಷ್ಟ್ರಾಗಿದ್ದವರು. ಲೇಡ್‌ಲಾ ಬಗ್ಗೆ ಅವರು ಬರೆದು ಮುಗಿಸಿದ್ದು 1977, 1983, 1991ರ ಮೂರೇ ಪುಸ್ತಕ. ನಡುವೆ ಅವು ಅಂಗಡಿಯಲ್ಲೇ ಸಿಗದಂತಾಗಿದ್ದವು, 2013ರಲ್ಲಿ ಮತ್ತೆ ಅಚ್ಚಾದವು. 2015ರಲ್ಲಿ ಅವರು ತೀರಿಕೊಂಡಾಗ ಕೈಬರಹದಲ್ಲಿ ನಾಲ್ಕನೆಯದೊಂದು ಅರ್ಧಕ್ಕೆ ಉಳಿದಿತ್ತು. ಅದನ್ನು ಮುಗಿಸಿಕೊಟ್ಟದ್ದು ಅದೇ ರ‍್ಯಾಂಕಿನ್, 2021ರಲ್ಲಿ, ‘ದ ಡಾರ್ಕ್ ರಿಮೇನ್ಸ್’ ಎಂಬ ಹೆಸರಿನಲ್ಲಿ.

ಅದು ಇನ್ನೂ ನನ್ನ ಕೈಗೆ ಬಂದಿಲ್ಲ. ಮೊಮ್ಮಗುವಿನ ಹುಟ್ಟುಹಬ್ಬಕ್ಕೆ ಹೋಗುತ್ತೇವೆ ಎಂದು ಪತ್ರದ ಕೊನೆಯಲ್ಲಿ ಬರೆದಿದ್ದೀರಿ. ಅದೇ ಚಾರಿಟಿ ಅಂಗಡಿಯಲ್ಲಿ ಕಣ್ಣಿಗೆ ಬಿದ್ದರೆ ನನಗೊಂದು ತನ್ನಿ. ನಿಮ್ಮ ಮೂರು ಪೌಂಡನ್ನೂ ಸೇರಿಸಿ ಕೊಡುತ್ತೇನೆ. ದಾರಿಯಲ್ಲಿ ಓದಿಕೊಳ್ಳಿ, ಅಡ್ಡಿಯಿಲ್ಲ. ಮೊದಲ ಪುಟದಲ್ಲಿ ಪೆನ್ಸಿಲ್ ಆಡಿಸಬೇಡಿ.

— ಸಂಪಾದಕ